ಬೆಳೆಯದ ದನಿ, ಬೆಳೆದ ಹುಡುಗ: ಬಾಬಿ ಡ್ರಿಸ್ಕಾಲ್



ಹಸಿರು ಅಂಗಿ, ಟೋಪಿಗೆ ಸಿಕ್ಕಿಸಿದ ಗರಿ, ಸೊಂಟದಲ್ಲಿ ಪುಟ್ಟ ಕಠಾರಿ. ರಾತ್ರಿ ಹೊತ್ತು ಕಿಟಕಿಯಿಂದ ಹಾರಿ ಬರುವ ಪೀಟರ್ ಪ್ಯಾನ್ ಎಂಬ ಹುಡುಗನನ್ನು ನಮ್ಮಲ್ಲಿ ಅನೇಕರು ಚಿಕ್ಕಂದಿನಲ್ಲಿ ಟಿವಿಯಲ್ಲೋ ಮೊಬೈಲಿನಲ್ಲೋ ನೋಡಿದ್ದೇವೆ. ಅವನು ಬೆಳೆಯಲು ಒಪ್ಪದ ಹುಡುಗ. ಅವನಿರುವ ದ್ವೀಪದಲ್ಲಿ ಮಕ್ಕಳು ಮಕ್ಕಳಾಗಿಯೇ ಉಳಿಯುತ್ತಾರೆ. ವಾಲ್ಟ್ ಡಿಸ್ನಿ ಸಂಸ್ಥೆಯ ಆ ಕಾರ್ಟೂನ್ ಚಿತ್ರ 1953ರಲ್ಲಿ ತೆರೆಗೆ ಬಂತು. ಎಪ್ಪತ್ತು ವರ್ಷಗಳಾದ ಮೇಲೂ ಮಕ್ಕಳು ಅದನ್ನು ನೋಡುತ್ತಿದ್ದಾರೆ. ಅದರಲ್ಲಿ ಪೀಟರ್ ಪ್ಯಾನ್‌ಗೆ ದನಿ ಕೊಟ್ಟವನೂ ಒಬ್ಬ ಹುಡುಗನೇ. ಅವನ ಹೆಸರು ಬಾಬಿ ಡ್ರಿಸ್ಕಾಲ್.

ಕಾರ್ಟೂನಿನ ಹುಡುಗ ಬೆಳೆಯಲಿಲ್ಲ, ಆದರೆ ದನಿ ಕೊಟ್ಟ ಹುಡುಗ ಬೆಳೆದ. ಬೆಳೆದ ಕೂಡಲೇ ಕೆಲಸ ಕಳೆದುಕೊಂಡ. ಆಗ ಅವನಿಗೆ 16 ವರ್ಷ, ಅಂದರೆ ನಮ್ಮ ಪ್ರಥಮ ಪಿಯುಸಿ ತರಗತಿಯಲ್ಲಿ ಕುಳಿತಿರುವವರ ವಯಸ್ಸು. ಮುಂದಿನ ಹದಿನೈದು ವರ್ಷಗಳಲ್ಲಿ ಅವನ ಬದುಕು ಎತ್ತ ಸಾಗಿತು ಎಂಬುದನ್ನು ಈ ಬಾರಿಯ ವ್ಯಕ್ತಿ ಪರಿಚಯದಲ್ಲಿ ನೋಡೋಣ. ಸಾಧಕರ ಕಥೆಗಳನ್ನು ನಾವು ಆಗಾಗ ಓದುತ್ತೇವೆ. ಇದೂ ಒಬ್ಬ ಸಾಧಕನ ಕಥೆಯೇ, ಆದರೆ ಅವನ ಸಾಧನೆ ತೀರಾ ಬೇಗ ಬಂದು ಬೇಗ ಮುಗಿಯಿತು.

ಕ್ಷೌರದಂಗಡಿಯಿಂದ ಚಿತ್ರರಂಗಕ್ಕೆ

ಬಾಬಿ ಹುಟ್ಟಿದ್ದು 1937ರ ಮಾರ್ಚ್ 3ರಂದು, ಅಮೆರಿಕದ ಐಯೋವಾ ರಾಜ್ಯದ ಸೀಡರ್ ರ‍್ಯಾಪಿಡ್ಸ್ ಎಂಬ ಊರಿನಲ್ಲಿ. ಪೂರ್ತಿ ಹೆಸರು ರಾಬರ್ಟ್ ಕ್ಲೀಟಸ್ ಡ್ರಿಸ್ಕಾಲ್. ತಂದೆ ತಾಯಿಗೆ ಒಬ್ಬನೇ ಮಗ. ತಂದೆಯದು ಕಟ್ಟಡಗಳಿಗೆ ಹಾಕುವ ಇನ್ಸುಲೇಷನ್ ಸಾಮಗ್ರಿಯನ್ನು ಮಾರುವ ಕೆಲಸ. ತಾಯಿ ಮೊದಲು ಶಾಲಾ ಶಿಕ್ಷಕಿಯಾಗಿದ್ದವರು. ಸಿನಿಮಾದ ಗಾಳಿಯೂ ಸೋಕದ ಸಾಧಾರಣ ಕುಟುಂಬ ಅದು.

ಕೆಲಸದಿಂದಾಗಿ ತಂದೆಗೆ ಶ್ವಾಸಕೋಶದ ತೊಂದರೆ ಶುರುವಾಯಿತು. ಕ್ಯಾಲಿಫೋರ್ನಿಯಾದ ಹವೆ ಒಳ್ಳೆಯದು, ಅಲ್ಲಿಗೆ ಹೋಗಿ ಎಂದು ವೈದ್ಯರು ಸಲಹೆ ಕೊಟ್ಟರು. 1943ರಲ್ಲಿ ಕುಟುಂಬ ಲಾಸ್ ಏಂಜಲೀಸ್ ಹತ್ತಿರದ ಆಲ್ಟಡೀನಾಕ್ಕೆ ಬಂದು ನೆಲೆಸಿತು. ಅಲ್ಲಿ ಕೂದಲು ಕತ್ತರಿಸಲು ಹೋದಾಗ ಕ್ಷೌರಿಕನಿಗೆ ಈ ಚುರುಕು ಹುಡುಗ ತುಂಬ ಇಷ್ಟವಾದ. ಕ್ಷೌರಿಕನ ಮಗ ಆಗಲೇ ಸಿನಿಮಾದಲ್ಲಿ ನಟಿಸುತ್ತಿದ್ದ. ಇವನನ್ನೂ ಒಮ್ಮೆ ಸ್ಟುಡಿಯೋಗೆ ಕರೆದುಕೊಂಡು ಹೋಗಿ ಎಂದು ಅವರು ತಂದೆ ತಾಯಿಯನ್ನು ಒತ್ತಾಯಿಸಿದರು.

ಎಂಜಿಎಂ ಸ್ಟುಡಿಯೋದಲ್ಲಿ 'ಲಾಸ್ಟ್ ಏಂಜೆಲ್' ಎಂಬ ಚಿತ್ರದ ಸಣ್ಣ ಪಾತ್ರವೊಂದಕ್ಕೆ ಮಕ್ಕಳನ್ನು ಆರಿಸುತ್ತಿದ್ದರು. ಅಲ್ಲಿ ನಿಲ್ಲಿಸಿದ್ದ ಹಡಗಿನ ಸೆಟ್ ಕಂಡ ಬಾಬಿ, ಹಡಗೇನೋ ಇದೆ, ನೀರೆಲ್ಲಿ ಎಂದು ಕೇಳಿದನಂತೆ. ಹುಡುಗನ ಕುತೂಹಲ ಮತ್ತು ಅಳುಕಿಲ್ಲದ ಮಾತು ನಿರ್ದೇಶಕರಿಗೆ ಹಿಡಿಸಿತು. ಪಾತ್ರ ಅವನಿಗೇ ಸಿಕ್ಕಿತು. ಮುಂದಿನ ವರ್ಷ, ಒಂದೇ ಯುದ್ಧನೌಕೆಯಲ್ಲಿ ಮಡಿದ ಐವರು ಸಹೋದರರ ನಿಜ ಕಥೆಯನ್ನು ಹೇಳುವ 'ದಿ ಫೈಟಿಂಗ್ ಸಲಿವನ್ಸ್' ಚಿತ್ರದಲ್ಲಿ ಕಿರಿಯ ಸಹೋದರನ ಬಾಲ್ಯದ ಪಾತ್ರ ಮಾಡಿದ. ಉದ್ದ ಮಾತುಗಳನ್ನು ಬೇಗ ಬಾಯಿಪಾಠ ಮಾಡುವ, ಕ್ಯಾಮೆರಾ ಮುಂದೆ ಸಹಜವಾಗಿರುವ ಹುಡುಗ ಎಂಬ ಹೆಸರು ಬಂತು. ಒಂದರ ಹಿಂದೆ ಒಂದರಂತೆ ಪಾತ್ರಗಳು ಬಂದವು.

ಡಿಸ್ನಿ ಸಂಸ್ಥೆಯ ಹುಡುಗ

ಆ ಹೊತ್ತಿಗೆ ವಾಲ್ಟ್ ಡಿಸ್ನಿ ಎಂದರೆ ಕಾರ್ಟೂನ್. ಮಿಕ್ಕಿ ಮೌಸ್, ಡೊನಾಲ್ಡ್ ಡಕ್, ಗೂಫಿ ಇವೇ ಅವರ ತಾರೆಯರು. ಈ ತಾರೆಯರಿಗೆ ಸಂಬಳ ಕೊಡಬೇಕಿಲ್ಲ, ವಯಸ್ಸೂ ಆಗುವುದಿಲ್ಲ. ಜೀವಂತ ನಟರನ್ನೂ ಕಾರ್ಟೂನ್ ಪ್ರಾಣಿಗಳನ್ನೂ ಒಂದೇ ಚಿತ್ರದಲ್ಲಿ ಸೇರಿಸಿ 'ಸಾಂಗ್ ಆಫ್ ದಿ ಸೌತ್' ಮಾಡಲು ಹೊರಟಾಗ ಡಿಸ್ನಿಯವರಿಗೆ ಮಕ್ಕಳು ಬೇಕಾದರು. ಬಾಬಿ ಮತ್ತು ಲುವಾನಾ ಪ್ಯಾಟನ್ ಎಂಬ ಪುಟ್ಟ ಹುಡುಗಿಯನ್ನು ಆರಿಸಿ ದೀರ್ಘ ಕಾಲದ ಒಪ್ಪಂದ ಮಾಡಿಕೊಂಡರು. ಡಿಸ್ನಿ ಸಂಸ್ಥೆ ಹೀಗೆ ಒಪ್ಪಂದದ ಮೇಲೆ ಇಟ್ಟುಕೊಂಡ ಮೊದಲ ನಟರಲ್ಲಿ ಬಾಬಿಯೂ ಒಬ್ಬ.

1946ರಲ್ಲಿ ಬಂದ ಆ ಚಿತ್ರ ಹಣ ಗಳಿಸಿತು. ಅದರ ಬಗ್ಗೆ ಇನ್ನೊಂದು ಮಾತನ್ನೂ ಹೇಳಬೇಕು. ಗುಲಾಮಗಿರಿಯ ನೆನಪು ಹಸಿಯಾಗಿದ್ದ, ಅಮೆರಿಕದ ದಕ್ಷಿಣ ಭಾಗದ ತೋಟಗಳ ಬದುಕನ್ನು ಅದು ಸಿಹಿಯಾಗಿ ತೋರಿಸಿತು. ಕರಿಯರ ಹಕ್ಕುಗಳಿಗಾಗಿ ಹೋರಾಡುತ್ತಿದ್ದ ಸಂಘಟನೆಗಳು ಅದನ್ನು ಆಗಲೇ ಖಂಡಿಸಿದವು. ಚಿತ್ರದ ಮುಖ್ಯ ಪಾತ್ರಧಾರಿ ಜೇಮ್ಸ್ ಬ್ಯಾಸ್ಕೆಟ್ ಕರಿಯ ನಟ. ಅಟ್ಲಾಂಟಾ ನಗರದಲ್ಲಿ ನಡೆದ ಮೊದಲ ಪ್ರದರ್ಶನಕ್ಕೆ ಅವರು ಹೋಗಲಾಗಲಿಲ್ಲ. ಅಲ್ಲಿ ಆಗ ವರ್ಣಭೇದದ ಕಾನೂನು ಇತ್ತು. ಚಿತ್ರದಲ್ಲಿ ಬ್ಯಾಸ್ಕೆಟ್ ಅವರ ಬಳಿ ಕುಳಿತು ಕಥೆ ಕೇಳುವ ಬಿಳಿಯ ಹುಡುಗನಾಗಿ ನಟಿಸಿದವನು ಬಾಬಿ.

ನಂತರ ಹಳ್ಳಿ ಹುಡುಗನೊಬ್ಬ ಕರಿ ಕುರಿಮರಿಯನ್ನು ಸಾಕುವ 'ಸೋ ಡಿಯರ್ ಟು ಮೈ ಹಾರ್ಟ್' ಬಂತು. ಅದರ ಬೆನ್ನಿಗೆ, 1949ರಲ್ಲಿ, ಡಿಸ್ನಿ ಸಂಸ್ಥೆ ಅವನನ್ನು ಬೇರೆ ಸ್ಟುಡಿಯೋಗೆ ಎರವಲು ಕೊಟ್ಟು ಮಾಡಿಸಿದ 'ದಿ ವಿಂಡೋ' ತೆರೆ ಕಂಡಿತು. ಸುಳ್ಳು ಕಥೆಗಳನ್ನು ಹೇಳುವ ಅಭ್ಯಾಸದ ಹುಡುಗನೊಬ್ಬ ಸೆಕೆಯ ರಾತ್ರಿ ಮನೆಯ ಹೊರಗಿನ ಕಬ್ಬಿಣದ ಮೆಟ್ಟಿಲ ಮೇಲೆ ಮಲಗಿದ್ದಾಗ ಕಿಟಕಿಯಿಂದ ಕೊಲೆಯೊಂದನ್ನು ಕಾಣುತ್ತಾನೆ. ಯಾರೂ ನಂಬುವುದಿಲ್ಲ, ಕೊಲೆಗಾರರೊಬ್ಬರನ್ನು ಬಿಟ್ಟು. ನ್ಯೂಯಾರ್ಕಿನ ಬಡ ಬೀದಿಗಳಲ್ಲಿ ಚಿತ್ರಿಸಿದ ಈ ಕಥೆಯ ಕೊನೆಯಲ್ಲಿ ಹುಡುಗ ಪಾಳುಬಿದ್ದ ಕಟ್ಟಡವೊಂದರೊಳಗೆ ಓಡಿ ಅಡಗಬೇಕಾಗುತ್ತದೆ. ಸಣ್ಣ ಖರ್ಚಿನ ಚಿತ್ರವಾದರೂ ಅದು ದೊಡ್ಡ ಯಶಸ್ಸು ಕಂಡಿತು. ಹುಡುಗನ ಕಣ್ಣಿನಲ್ಲಿದ್ದ ಭಯವನ್ನು ನೋಡಿದವರು ಮರೆಯಲಿಲ್ಲ.

1950ರ ಮಾರ್ಚ್ 23ರಂದು ಹಾಲಿವುಡ್‌ನಲ್ಲಿ ನಡೆದ ಆಸ್ಕರ್ ಸಮಾರಂಭದಲ್ಲಿ ಬಾಬಿಯನ್ನು 1949ರ ಅತ್ಯುತ್ತಮ ಬಾಲನಟ ಎಂದು ಗೌರವಿಸಿ, ಮಕ್ಕಳಿಗೆಂದೇ ಮಾಡಿಸುತ್ತಿದ್ದ ಪುಟ್ಟ ಆಸ್ಕರ್ ಪ್ರತಿಮೆಯನ್ನು ಕೊಟ್ಟರು. ಅವನಿಗೆ ಆಗಷ್ಟೇ 13 ತುಂಬಿತ್ತು.

ಅದೇ ವರ್ಷ 'ಟ್ರೆಷರ್ ಐಲ್ಯಾಂಡ್' ಬಿಡುಗಡೆಯಾಯಿತು. ಸ್ಟೀವನ್‌ಸನ್ ಬರೆದ ಕಾದಂಬರಿಯ ಜಿಮ್ ಹಾಕಿನ್ಸ್ ಎಂಬ ಹುಡುಗನ ಪಾತ್ರ ಅವನದು. ಕಾರ್ಟೂನ್ ಏನೂ ಇಲ್ಲದೆ ಪೂರ್ತಿಯಾಗಿ ನಟರಿಂದಲೇ ಡಿಸ್ನಿ ಮಾಡಿದ ಮೊದಲ ಚಿತ್ರ ಇದು. ಚಿತ್ರೀಕರಣ ಇಂಗ್ಲೆಂಡಿನಲ್ಲಿ ನಡೆಯಿತು. ನಡುವೆ ಒಂದು ತೊಡಕು ಬಂತು. ಅಲ್ಲಿ ಕೆಲಸ ಮಾಡಲು ಬಾಬಿಗೆ ಸರಿಯಾದ ಪರವಾನಗಿ ಇಲ್ಲವೆಂದು ಗೊತ್ತಾಗಿ ಪ್ರಕರಣ ನ್ಯಾಯಾಲಯಕ್ಕೆ ಹೋಯಿತು, ದಂಡ ಬಿತ್ತು, ದೇಶ ಬಿಡಬೇಕೆಂಬ ಆದೇಶವೂ ಆಯಿತು. ಮೇಲ್ಮನವಿಗೆಂದು ಸಿಕ್ಕ ಕೆಲವು ವಾರಗಳಲ್ಲಿ ನಿರ್ದೇಶಕರು ಬಾಬಿಯ ಮುಖ ಹತ್ತಿರದಿಂದ ಕಾಣುವ ದೃಶ್ಯಗಳನ್ನೆಲ್ಲ ಅವಸರವಾಗಿ ಮುಗಿಸಿದರು. ಉಳಿದ ದೂರದ ದೃಶ್ಯಗಳಿಗೆ ಅವನಂತೆಯೇ ಕಾಣುವ ಇಂಗ್ಲಿಷ್ ಹುಡುಗನನ್ನು ನಿಲ್ಲಿಸಿದರು. ಚಿತ್ರ ಗೆದ್ದಿತು.

ಕಾರ್ಟೂನಿಗೆ ದನಿ ಕೊಡುವುದು ಎಂದರೆ

ಕಾರ್ಟೂನ್ ಮೊದಲು ಬಿಡಿಸಿ, ಆಮೇಲೆ ದನಿ ಸೇರಿಸುತ್ತಾರೆ ಎಂದು ನಾವು ತಿಳಿಯುವುದುಂಟು. ಡಿಸ್ನಿ ಸ್ಟುಡಿಯೋದಲ್ಲಿ ಕ್ರಮ ತಿರುವುಮುರುವು. ಮೊದಲು ನಟರ ದನಿಯನ್ನು ಮುದ್ರಿಸಿಕೊಳ್ಳುತ್ತಿದ್ದರು. ಕಲಾವಿದರು ಆ ದನಿಯನ್ನು ಮತ್ತೆ ಮತ್ತೆ ಕೇಳಿ, ಯಾವ ಅಕ್ಷರಕ್ಕೆ ಬಾಯಿ ಎಷ್ಟು ತೆರೆಯುತ್ತದೆ, ಯಾವ ಮಾತಿಗೆ ಹುಬ್ಬು ಏರುತ್ತದೆ ಎಂದು ಲೆಕ್ಕ ಹಾಕಿ ಚಿತ್ರ ಬಿಡಿಸುತ್ತಿದ್ದರು. ಪರದೆಯ ಮೇಲೆ ಒಂದು ಸೆಕೆಂಡಿಗೆ 24 ಚೌಕಟ್ಟುಗಳು ಸಾಗುತ್ತವೆ. ಹೀಗಾಗಿ ದನಿಯಲ್ಲಿನ ಸಣ್ಣ ನಗು, ಸಣ್ಣ ತಡವರಿಕೆ ಕೂಡ ಚಿತ್ರದ ಗೆರೆಗೆ ಇಳಿಯುತ್ತಿತ್ತು.

ದನಿ ಮಾತ್ರ ಸಾಕಾಗುತ್ತಿರಲಿಲ್ಲ. ಖಾಲಿ ವೇದಿಕೆಯಲ್ಲಿ ಏಣಿ, ಹಲಗೆ ಇಟ್ಟು ನಟರಿಂದ ದೃಶ್ಯಗಳನ್ನು ಆಡಿಸಿ ಅದನ್ನೂ ಚಿತ್ರೀಕರಿಸಿಕೊಳ್ಳುತ್ತಿದ್ದರು. ಕಲಾವಿದರಿಗೆ ಅದು ಮಾದರಿ. ಪೀಟರ್ ಪ್ಯಾನ್‌ಗಾಗಿ ಬಾಬಿ ದನಿಯನ್ನೂ ಕೊಟ್ಟ, ಮುಖಭಾವಗಳಿಗೆ ಮಾದರಿಯಾಗಿಯೂ ನಿಂತ. ಹಾರುವ, ಕುಣಿಯುವ ಭಾಗಗಳಿಗೆ ಒಬ್ಬ ನರ್ತಕ ಮಾದರಿಯಾದ. ಮಿಲ್ಟ್ ಕಾಲ್ ಎಂಬ ಹೆಸರಾಂತ ಕಲಾವಿದ ಇವೆಲ್ಲವನ್ನೂ ಸೇರಿಸಿ ಪೀಟರನ ರೂಪ ಬಿಡಿಸಿದರು. ಆದ್ದರಿಂದ ಪೀಟರನ ತುಂಟ ಮುಖದಲ್ಲಿ ಬಾಬಿಯ ಮುಖದ ಛಾಯೆಯೂ ಇದೆ.

ಇನ್ನೊಂದು ವಿಷಯ. ಜೆ. ಎಂ. ಬ್ಯಾರಿ ಬರೆದ ಈ ನಾಟಕ 1904ರಲ್ಲಿ ಲಂಡನ್ನಿನಲ್ಲಿ ಮೊದಲ ಬಾರಿ ಪ್ರದರ್ಶನಗೊಂಡಾಗಿನಿಂದ ಪೀಟರನ ಪಾತ್ರವನ್ನು ನಟಿಯರೇ ಮಾಡುವುದು ರೂಢಿಯಾಗಿತ್ತು. ಡಿಸ್ನಿ ಆ ರೂಢಿ ಮುರಿದು ಹುಡುಗನ ದನಿಯನ್ನೇ ಆರಿಸಿಕೊಂಡರು. ಕೆಲಸ 1949ರಲ್ಲೇ ಆರಂಭವಾಗಿ 1951ರವರೆಗೆ ನಡೆಯಿತು. ಬಾಬಿಗೆ ಆಗ ಹನ್ನೆರಡರಿಂದ ಹದಿನಾಲ್ಕು ವರ್ಷ. ದನಿ ಒಡೆಯುವ ಮೊದಲಿನ ಆ ಕೊನೆಯ ದಿನಗಳು ಚಿತ್ರದಲ್ಲಿ ಉಳಿದುಹೋದವು. ಇದೇ ಸಮಯದಲ್ಲಿ 'ಫಾದರ್ಸ್ ಆರ್ ಪೀಪಲ್' ಮತ್ತು 'ಫಾದರ್ಸ್ ಲಯನ್' ಎಂಬ ಎರಡು ಕಿರು ಕಾರ್ಟೂನುಗಳಲ್ಲಿ ಗೂಫಿಯ ಪುಟ್ಟ ಮಗನಿಗೂ ಅವನೇ ದನಿ ಕೊಟ್ಟ.

1953ರ ಮಾರ್ಚ್

1953ರ ಫೆಬ್ರವರಿ 5ರಂದು 'ಪೀಟರ್ ಪ್ಯಾನ್' ಬಿಡುಗಡೆಯಾಯಿತು. ಜನ ಮುಗಿಬಿದ್ದು ನೋಡಿದರು. ಮಾರ್ಚ್ ತಿಂಗಳಲ್ಲಿ ಬಾಬಿಯ ಹದಿನಾರನೆಯ ಹುಟ್ಟುಹಬ್ಬ ಬಂತು. ಅದೇ ತಿಂಗಳು ಡಿಸ್ನಿ ಸಂಸ್ಥೆ ಅವನ ಒಪ್ಪಂದವನ್ನು ಕೊನೆಗೊಳಿಸಿತು.

ಅವನು ಯಾವ ತಪ್ಪನ್ನೂ ಮಾಡಿರಲಿಲ್ಲ. ದನಿ ಒಡೆದಿತ್ತು, ಮೈ ಬೆಳೆದಿತ್ತು, ಮುಖದ ತುಂಬ ಮೊಡವೆ ಎದ್ದಿತ್ತು. ಕ್ಯಾಮೆರಾ ಮುಂದೆ ನಿಲ್ಲಬೇಕಾದರೆ ಅದನ್ನು ಮುಚ್ಚಲು ದಪ್ಪ ಮೇಕಪ್ ಬೇಕಾಗುತ್ತಿತ್ತು. ಮುದ್ದು ಹುಡುಗನ ಪಾತ್ರಕ್ಕೆ ಅವನು ಹೊಂದುತ್ತಿರಲಿಲ್ಲ, ತರುಣ ನಾಯಕನ ಪಾತ್ರಕ್ಕೆ ಇನ್ನೂ ಕಾಲ ಬಂದಿರಲಿಲ್ಲ. ನಮ್ಮ ತರಗತಿಯ ಪ್ರತಿ ಹುಡುಗನಿಗೂ ಆಗುವ ಬದಲಾವಣೆಯೇ ಅವನಿಗೂ ಆಯಿತು. ನಮಗೆ ಅದು ಕನ್ನಡಿಯ ಮುಂದಿನ ಸಣ್ಣ ಚಿಂತೆ. ಅವನಿಗೆ ಅದು ಕೆಲಸದ ಕೊನೆ.

ಐದಾರು ವರ್ಷ ವಯಸ್ಸಿನಿಂದ ಅವನು ಕಂಡದ್ದು ಸ್ಟುಡಿಯೋ ಒಂದೇ. ಅಲ್ಲಿ ದೊಡ್ಡವರೆಲ್ಲ ಅವನನ್ನು ಹೆಸರು ಹಿಡಿದು ಕರೆದು ಮುದ್ದಿಸುತ್ತಿದ್ದರು. ವಾಲ್ಟ್ ಡಿಸ್ನಿ ಸ್ವತಃ ಅವನನ್ನು ಬಹಳ ಮೆಚ್ಚುತ್ತಿದ್ದರು. ಈಗ ಆ ಬಾಗಿಲು ಮುಚ್ಚಿತು.

ತಂದೆ ತಾಯಿ ಅವನನ್ನು ಬಾಲನಟರು ಕಲಿಯುತ್ತಿದ್ದ ಶಾಲೆಯಿಂದ ಬಿಡಿಸಿ ಸಾಮಾನ್ಯ ಪ್ರೌಢಶಾಲೆಗೆ ಸೇರಿಸಿದರು. ಎಲ್ಲ ಮಕ್ಕಳಂತೆ ಬೆಳೆಯಲಿ ಎಂಬುದು ಅವರ ಒಳ್ಳೆಯ ಉದ್ದೇಶವೇ. ಆದರೆ ಅಲ್ಲಿ ಸಹಪಾಠಿಗಳು ಅವನ ಹಳೆಯ ಸಿನಿಮಾಗಳನ್ನು ಎತ್ತಿ ಆಡಿ ನಗುತ್ತಿದ್ದರು. ಮುದ್ದುಮಗುವಿನ ಪಾತ್ರಗಳು, ಪೀಟರ್ ಪ್ಯಾನ್, ಕುರಿಮರಿ ಎಲ್ಲವೂ ಗೇಲಿಯ ವಸ್ತುವಾದವು. ಒಳ್ಳೆಯ ಅಂಕ ತೆಗೆಯುತ್ತಿದ್ದವನ ಅಂಕ ಕುಸಿಯಿತು. ಜೊತೆಗೆ ಸೇರಿಸಿಕೊಳ್ಳುವವರಿಗಾಗಿ ಅವನು ಹುಡುಕಾಡಿದ. ಸೇರಿಸಿಕೊಂಡವರು ಮಾದಕ ವಸ್ತುಗಳ ಅಭ್ಯಾಸವಿದ್ದವರು. ಹದಿನೇಳು ವರ್ಷ ವಯಸ್ಸಿನ ಹೊತ್ತಿಗೆ ಅವನೂ ಅದಕ್ಕೆ ಕೈ ಹಾಕಿದ್ದ. ಮಗನ ಕೋರಿಕೆಯ ಮೇರೆಗೆ ತಂದೆ ತಾಯಿ ಹಳೆಯ ಶಾಲೆಗೇ ಮರಳಿ ಸೇರಿಸಿದರು. 1955ರಲ್ಲಿ ಅವನು ಶಾಲಾ ಶಿಕ್ಷಣ ಮುಗಿಸಿದ. ಚಟ ಮಾತ್ರ ಅವನ ಜೊತೆಗೇ ಬಂತು.

ಅದೇ ಚಿತ್ರದ ಇನ್ನೊಂದು ದನಿ

ಬಾಲನಟರೆಲ್ಲರ ಬದುಕು ಹೀಗೇ ಆಗುತ್ತದೆ ಎಂದು ತಿಳಿಯಬೇಕಿಲ್ಲ. 'ಪೀಟರ್ ಪ್ಯಾನ್' ಚಿತ್ರದಲ್ಲಿ ವೆಂಡಿ ಎಂಬ ಹುಡುಗಿಗೆ ದನಿ ಕೊಟ್ಟವರು ಕ್ಯಾಥರಿನ್ ಬೋಮಾಂಟ್. ಬಾಬಿಗಿಂತ ಒಂದು ವರ್ಷ ಚಿಕ್ಕವರು. 1951ರಲ್ಲಿ ಬಂದ ಡಿಸ್ನಿಯ 'ಆಲಿಸ್ ಇನ್ ವಂಡರ್‌ಲ್ಯಾಂಡ್' ಚಿತ್ರದ ಆಲಿಸ್‌ಗೂ ಅವರದೇ ದನಿ. ಅವರಿಗೂ ಒಂದು ದಿನ ಸ್ಟುಡಿಯೋದ ಕೆಲಸ ಮುಗಿಯಿತು. ಅವರು ಸಾಮಾನ್ಯ ಶಾಲೆಗೆ ಹೋಗಿ, ವಿಶ್ವವಿದ್ಯಾಲಯದಲ್ಲಿ ಓದಿ, ಪ್ರಾಥಮಿಕ ಶಾಲೆಯ ಶಿಕ್ಷಕಿಯಾದರು. ಮೂರು ದಶಕಗಳಿಗೂ ಹೆಚ್ಚು ಕಾಲ ಪುಟ್ಟ ಮಕ್ಕಳಿಗೆ ಪಾಠ ಹೇಳಿದರು.

ಒಂದೇ ಚಿತ್ರ, ಒಂದೇ ಸ್ಟುಡಿಯೋ, ಹೆಚ್ಚು ಕಡಿಮೆ ಒಂದೇ ವಯಸ್ಸು. ಒಬ್ಬರಿಗೆ ಮುಂದೆ ಹಿಡಿದು ನಡೆಯಲು ಓದು ಮತ್ತು ಇನ್ನೊಂದು ಕೆಲಸ ಇತ್ತು. ಇನ್ನೊಬ್ಬನಿಗೆ ನಟನೆಯೊಂದೇ ಗೊತ್ತಿತ್ತು, ಅದನ್ನೇ ಅವನಿಂದ ಕಿತ್ತುಕೊಂಡದ್ದಾಗಿತ್ತು.

ನಕ್ಷತ್ರ ಮತ್ತು ಸೆರೆಮನೆ

ಬಾಬಿ ಸುಮ್ಮನೆ ಕೂರಲಿಲ್ಲ. ಟಿವಿ ನಾಟಕಗಳಲ್ಲಿ, ರೇಡಿಯೋದಲ್ಲಿ, ರಂಗಭೂಮಿಯಲ್ಲಿ ಸಿಕ್ಕ ಪಾತ್ರ ಮಾಡಿದ. ಬಾಬಿ ಎಂಬ ಮಗುವಿನ ಹೆಸರು ಅಂಟಿಕೊಂಡೇ ಇದೆ ಎಂದು ತನ್ನನ್ನು ರಾಬರ್ಟ್ ಡ್ರಿಸ್ಕಾಲ್ ಎಂದು ಕರೆದುಕೊಂಡ. ಸಿನಿಮಾಗಳಲ್ಲಿ ದೊಡ್ಡ ಪಾತ್ರ ಸಿಗಲಿಲ್ಲ. 1958ರ 'ದಿ ಪಾರ್ಟಿ ಕ್ರ್ಯಾಷರ್ಸ್' ಹಾಲಿವುಡ್‌ನಲ್ಲಿ ಅವನ ಕೊನೆಯ ಚಿತ್ರವಾಯಿತು. ಆಗ ಅವನಿಗೆ 21 ವರ್ಷ.

1956ರಲ್ಲಿ ಗಾಂಜಾ ಇಟ್ಟುಕೊಂಡ ಆರೋಪದ ಮೇಲೆ ಮೊದಲ ಬಾರಿ ಪೊಲೀಸರು ಹಿಡಿದರು. ಆ ಆರೋಪ ನಿಲ್ಲಲಿಲ್ಲ. ಅದೇ ವರ್ಷದ ಕೊನೆಯಲ್ಲಿ, ಇನ್ನೂ ಇಪ್ಪತ್ತು ತುಂಬುವ ಮೊದಲೇ, ಮನೆಯವರಿಗೆ ತಿಳಿಸದೆ ಮೆಕ್ಸಿಕೋಗೆ ಹೋಗಿ ಮದುವೆಯಾದ. ಮೂವರು ಮಕ್ಕಳಾದರು. ಸಂಸಾರ ಕೆಲವೇ ವರ್ಷಗಳಲ್ಲಿ ಮುರಿದು ವಿಚ್ಛೇದನದಲ್ಲಿ ಕೊನೆಗೊಂಡಿತು. ಅಷ್ಟರಲ್ಲಿ ಗಾಂಜಾದಿಂದ ಆರಂಭವಾದದ್ದು ಹೆರಾಯಿನ್‌ವರೆಗೆ ಹೋಗಿತ್ತು. ಚಟಕ್ಕೆ ದುಡ್ಡು ಬೇಕು, ದುಡ್ಡು ಬರುವ ಕೆಲಸ ಇಲ್ಲ. ಪೊಲೀಸ್ ಠಾಣೆ, ನ್ಯಾಯಾಲಯಗಳ ಓಡಾಟ ಹೆಚ್ಚಿತು.

1960ರಲ್ಲಿ ಹಾಲಿವುಡ್‌ನ ಕಾಲುದಾರಿಯಲ್ಲಿ ತಾರೆಯರ ಹೆಸರಿನ ನಕ್ಷತ್ರಗಳನ್ನು ಹುದುಗಿಸಿದಾಗ ವೈನ್ ಸ್ಟ್ರೀಟ್‌ನಲ್ಲಿ ಬಾಬಿ ಡ್ರಿಸ್ಕಾಲ್ ಹೆಸರಿನ ನಕ್ಷತ್ರವನ್ನೂ ಹಾಕಿದರು. ಅದು ಇಂದಿಗೂ ಅಲ್ಲಿದೆ. ಮರುವರ್ಷ, 1961ರಲ್ಲಿ, ನ್ಯಾಯಾಲಯ ಅವನನ್ನು ಮಾದಕ ವ್ಯಸನಿ ಎಂದು ತೀರ್ಮಾನಿಸಿ ಕ್ಯಾಲಿಫೋರ್ನಿಯಾದ ಚೀನೋ ಎಂಬಲ್ಲಿನ ಸೆರೆಮನೆಯ ಪುನರ್ವಸತಿ ಕೇಂದ್ರಕ್ಕೆ ಕಳುಹಿಸಿತು. ಬಿಡುಗಡೆಯಾಗಿ ಹೊರಬಂದ ಮೇಲೆ ನಟನೆಯ ಕೆಲಸ ಹುಡುಕಿದ. ಯಾರೂ ಕೊಡಲಿಲ್ಲ. ಸೆರೆಮನೆ ಕಂಡವನ, ವ್ಯಸನಿಯ ಹೆಸರು ಕೇಳಿದರೆ ಸಾಕು, ಬಾಗಿಲುಗಳು ಮುಚ್ಚುತ್ತಿದ್ದವು.

ಕತ್ತರಿ, ಅಂಟು, ಕಾಗದ

ಈ ಕತ್ತಲೆಯ ನಡುವೆಯೇ ಬಾಬಿ ಹೊಸದೊಂದು ಕೆಲಸವನ್ನು ಕಲಿತಿದ್ದ. ಅವನ ಬಗ್ಗೆ ಬರೆಯುವವರು ಇದನ್ನು ಸಾಮಾನ್ಯವಾಗಿ ಒಂದೇ ಸಾಲಿನಲ್ಲಿ ಮುಗಿಸುತ್ತಾರೆ. ನಾವು ಸ್ವಲ್ಪ ನಿಂತು ನೋಡೋಣ.

1956ರ ಸುಮಾರಿಗೆ ಲಾಸ್ ಏಂಜಲೀಸ್‌ನಲ್ಲಿ ಅವನಿಗೆ ವಾಲೇಸ್ ಬರ್ಮನ್ ಎಂಬ ಕಲಾವಿದರ ಸ್ನೇಹವಾಯಿತು. ಬರ್ಮನ್ ಪತ್ರಿಕೆಗಳ ಚಿತ್ರ, ಫೋಟೋ, ಅಕ್ಷರಗಳನ್ನು ಕತ್ತರಿಸಿ ಅಂಟಿಸಿ ಕೊಲಾಜ್ ಮಾಡುತ್ತಿದ್ದರು. 'ಸೆಮಿನಾ' ಎಂಬ ಕಿರುಪತ್ರಿಕೆಯನ್ನು ತಮ್ಮ ಕೈಯಾರೆ ಮುದ್ರಿಸುತ್ತಿದ್ದರು. ಅದು ಅಂಗಡಿಯಲ್ಲಿ ಮಾರಾಟಕ್ಕಿದ್ದ ಪತ್ರಿಕೆಯಲ್ಲ. ಬಿಡಿ ಹಾಳೆಗಳಲ್ಲಿ ಕವಿತೆ, ಚಿತ್ರಗಳನ್ನು ಸೇರಿಸಿ ಗೆಳೆಯರಿಗೆ ಅಂಚೆಯಲ್ಲಿ ಕಳುಹಿಸುತ್ತಿದ್ದರು. ಬರ್ಮನ್ ಸುತ್ತ ಕವಿಗಳು, ನಟರು, ಚಿತ್ರಕಾರರ ಒಂದು ಬಳಗವೇ ಇತ್ತು. ಬಾಬಿಯ ಕೈಗೆ ಕತ್ತರಿ, ಅಂಟು ಬಂದದ್ದು ಅಲ್ಲಿ. ಅವನು ಕೊಲಾಜ್ ಮಾಡಿದ, ರಟ್ಟಿನ ಮೇಲೆ ಚಿತ್ರ ಅಂಟಿಸಿ ಗೆಳೆಯರಿಗೆ ಅಂಚೆಯಲ್ಲಿ ಕಳುಹಿಸಿದ.

ಈ ಕೆಲಸಕ್ಕೆ ಅವನ ಮುಖದ ಅಂದ ಬೇಕಿರಲಿಲ್ಲ, ವಯಸ್ಸು ಯಾರೂ ಕೇಳುತ್ತಿರಲಿಲ್ಲ. ಬಾಲ್ಯದಿಂದ ಬೇರೆಯವರು ಬರೆದ ಮಾತನ್ನು ಆಡಿದವನು, ಬೇರೆಯವರು ಬಿಡಿಸಿದ ಚಿತ್ರಕ್ಕೆ ದನಿಯಾದವನು ಮೊದಲ ಬಾರಿ ತಾನೇ ಏನನ್ನಾದರೂ ಮಾಡುತ್ತಿದ್ದ. ಅವನ ಕೊಲಾಜ್‌ಗಳಲ್ಲಿ ಉಳಿದಿರುವುದು ಕೆಲವೇ. 2005ರಲ್ಲಿ ಕ್ಯಾಲಿಫೋರ್ನಿಯಾದ ಸಾಂಟಾ ಮೋನಿಕಾ ಕಲಾ ಸಂಗ್ರಹಾಲಯದಲ್ಲಿ ಬರ್ಮನ್ ಬಳಗದ ಪ್ರದರ್ಶನ ನಡೆದಾಗ ಅವನ ಕೃತಿಗಳನ್ನೂ ಇಟ್ಟಿದ್ದರು. ಬಾಲನಟ ಎಂಬ ಕಾರಣಕ್ಕಲ್ಲ, ಕಲಾವಿದ ಎಂಬ ಕಾರಣಕ್ಕೆ.

1965ರಲ್ಲಿ ಅವನು ನ್ಯೂಯಾರ್ಕಿಗೆ ಹೋದ. ಬ್ರಾಡ್‌ವೇ ನಾಟಕಗಳಲ್ಲಿ ಅವಕಾಶ ಸಿಗಬಹುದು ಎಂಬ ಆಸೆ ಇತ್ತು, ಸಿಗಲಿಲ್ಲ. ಅಲ್ಲಿ ಪ್ರಸಿದ್ಧ ಕಲಾವಿದ ಆಂಡಿ ವಾರ್ಹಾಲ್ ಅವರ 'ಫ್ಯಾಕ್ಟರಿ' ಎಂಬ ಸ್ಟುಡಿಯೋದ ಸುತ್ತ ಸೇರುತ್ತಿದ್ದವರೊಡನೆ ಬೆರೆತ. 'ಡರ್ಟ್' ಎಂಬ ಪ್ರಾಯೋಗಿಕ ಕಿರುಚಿತ್ರದಲ್ಲಿ ಕಾಣಿಸಿಕೊಂಡ. ಅಲ್ಲಿ ಕಲೆಯೂ ಇತ್ತು, ಅದರೊಟ್ಟಿಗೆ ಮಾದಕ ವಸ್ತುಗಳೂ ಇದ್ದವು. ಕೊನೆಗೆ ಆ ಬಳಗದಿಂದಲೂ ದೂರವಾದ. ಕೈಯಲ್ಲಿ ಕಾಸಿರಲಿಲ್ಲ. ಎಲ್ಲಿ ಇರುತ್ತಾನೆ ಎಂಬುದು ಮನೆಯವರಿಗೂ ತಿಳಿಯದಾಯಿತು.

ಹೆಸರಿಲ್ಲದ ಸಮಾಧಿ

1968ರ ಮಾರ್ಚ್ 30ರಂದು ನ್ಯೂಯಾರ್ಕಿನ ಈಸ್ಟ್ ವಿಲೇಜ್ ಪ್ರದೇಶದಲ್ಲಿ ಇಬ್ಬರು ಹುಡುಗರು ಯಾರೂ ವಾಸವಿಲ್ಲದ ಹಳೆಯ ಕಟ್ಟಡವೊಂದರಲ್ಲಿ ಆಟವಾಡುತ್ತಿದ್ದರು. ಒಳಗೆ ಮಡಚುವ ಮಂಚದ ಮೇಲೆ ಒಬ್ಬ ಯುವಕನ ಶವ ಅವರ ಕಣ್ಣಿಗೆ ಬಿತ್ತು. ಮರಣೋತ್ತರ ಪರೀಕ್ಷೆಯಲ್ಲಿ ಹೃದಯ ವೈಫಲ್ಯ ಎಂದು ತಿಳಿಯಿತು. ವರ್ಷಗಟ್ಟಲೆ ಮಾದಕ ವಸ್ತು ಸೇವಿಸಿ ರಕ್ತನಾಳಗಳು ಗಟ್ಟಿಯಾಗಿ ಹೋಗಿದ್ದವು. ಅವನಿಗೆ 31 ವರ್ಷ ತುಂಬಿ ಇನ್ನೂ ಒಂದು ತಿಂಗಳೂ ಆಗಿರಲಿಲ್ಲ.

ಗುರುತಿನ ಚೀಟಿ ಇರಲಿಲ್ಲ. ಪೊಲೀಸರು ಫೋಟೋ ಹಿಡಿದು ಸುತ್ತಮುತ್ತ ವಿಚಾರಿಸಿದರು. ಯಾರೂ ಗುರುತು ಹಿಡಿಯಲಿಲ್ಲ. ಯಾರ ಮುಖವನ್ನು ದೇಶದ ಸಿನಿಮಾ ಮಂದಿರಗಳಲ್ಲೆಲ್ಲ ಜನ ನೋಡಿದ್ದರೋ ಅದೇ ಮುಖ. ವಾರಸುದಾರರಿಲ್ಲದ ಶವವೆಂದು ಬರೆದುಕೊಂಡು ಹಾರ್ಟ್ ದ್ವೀಪಕ್ಕೆ ಸಾಗಿಸಿದರು. ನ್ಯೂಯಾರ್ಕ್ ನಗರ 1869ರಿಂದ ತನ್ನ ಬಡವರನ್ನೂ ಅನಾಥರನ್ನೂ ಹೂಳುತ್ತಾ ಬಂದಿರುವ ಜಾಗ ಅದು. ಹತ್ತು ಲಕ್ಷಕ್ಕೂ ಹೆಚ್ಚು ಜನ ಅಲ್ಲಿ ಮಣ್ಣಾಗಿದ್ದಾರೆ. ಉದ್ದನೆಯ ಕಂದಕ ತೋಡಿ ಪೆಟ್ಟಿಗೆಗಳನ್ನು ಒಂದರ ಪಕ್ಕ ಒಂದು ಇಡುತ್ತಿದ್ದರು. ತೋಡುವ ಕೆಲಸ ಆಗ ಸೆರೆಮನೆಯ ಕೈದಿಗಳದಾಗಿತ್ತು. ಸಮಾಧಿಗೆ ಹೆಸರಿನ ಕಲ್ಲಿಲ್ಲ.

1969ರಲ್ಲಿ 'ಪೀಟರ್ ಪ್ಯಾನ್' ಮತ್ತೊಮ್ಮೆ ಅಮೆರಿಕದ ಸಿನಿಮಾ ಮಂದಿರಗಳಿಗೆ ಬಂತು. ಹೊಸ ತಲೆಮಾರಿನ ಮಕ್ಕಳು ಬಾಬಿಯ ದನಿ ಕೇಳಿ ನಕ್ಕರು, ಚಪ್ಪಾಳೆ ತಟ್ಟಿದರು. ಅದೇ ವರ್ಷ ಬಾಬಿಯ ತಂದೆ ಮರಣಶಯ್ಯೆಯಲ್ಲಿದ್ದರು. ಮಗನನ್ನು ಒಮ್ಮೆ ತಂದೆಯ ಬಳಿಗೆ ಕರೆತರಬೇಕೆಂದು ತಾಯಿ ಅವನಿಗಾಗಿ ಹುಡುಕಿದರು. ಬೇರೆ ದಾರಿ ಕಾಣದೆ ಡಿಸ್ನಿ ಸ್ಟುಡಿಯೋದವರ ನೆರವು ಕೇಳಿದರು. ವಿಚಾರಣೆ ನ್ಯೂಯಾರ್ಕ್ ಪೊಲೀಸರವರೆಗೆ ಹೋಯಿತು. ಬೆರಳಚ್ಚುಗಳನ್ನು ಹೋಲಿಸಿದಾಗ ಉತ್ತರ ಸಿಕ್ಕಿತು. ಒಂದೂವರೆ ವರ್ಷದ ಹಿಂದೆ ಹಾರ್ಟ್ ದ್ವೀಪದಲ್ಲಿ ಹೂಳಿದ ಅನಾಮಧೇಯ ಯುವಕ ಅವರ ಮಗನೇ.

ಹೊರಗಿನ ಜನರಿಗೆ ಈ ಸುದ್ದಿ ತಿಳಿಯಲು ಮತ್ತೂ ಕಾಲ ಹಿಡಿಯಿತು. 1972ರಲ್ಲಿ 'ಸಾಂಗ್ ಆಫ್ ದಿ ಸೌತ್' ಮರುಬಿಡುಗಡೆಯಾದಾಗ, ಆ ಚಿತ್ರದ ಹುಡುಗ ಈಗೆಲ್ಲಿ ಎಂದು ಪತ್ರಕರ್ತರು ಹುಡುಕಿದ ಮೇಲೆ ವಿಷಯ ಪತ್ರಿಕೆಗಳಲ್ಲಿ ಬಂತು. ಕ್ಯಾಲಿಫೋರ್ನಿಯಾದ ಓಷನ್‌ಸೈಡ್‌ನಲ್ಲಿರುವ ತಂದೆಯ ಸಮಾಧಿಯ ಕಲ್ಲಿನ ಮೇಲೆ ಮಗನ ಹೆಸರನ್ನೂ ಕೆತ್ತಿದ್ದಾರೆ. ದೇಹ ಮಾತ್ರ ಇಂದಿಗೂ ಹಾರ್ಟ್ ದ್ವೀಪದಲ್ಲೇ ಇದೆ.

ನಮಗೆ ಇದರಲ್ಲಿ ಏನಿದೆ?

ಮಾದಕ ವಸ್ತು ಕೆಟ್ಟದ್ದು ಎಂಬ ಪಾಠ ಈ ಕಥೆಯಲ್ಲಿದೆ. ಅದನ್ನು ಎಷ್ಟು ಸಲ ಹೇಳಿದರೂ ಕಡಿಮೆಯೇ. ಆದರೆ ಬಾಬಿಯ ಕಥೆಯನ್ನು ಅಷ್ಟಕ್ಕೇ ನಿಲ್ಲಿಸಿದರೆ ನಾವು ಅದರ ಅರ್ಧವನ್ನಷ್ಟೇ ಓದಿದಂತೆ. ಹೆರಾಯಿನ್ ಅವನ ಬದುಕಿಗೆ ಬರುವ ಮೊದಲು ಇನ್ನೆರಡು ಸಂಗತಿಗಳು ನಡೆದಿದ್ದವು. ಅವನಿಂದ ಲಾಭ ಪಡೆದವರು, ಲಾಭ ನಿಂತ ತಿಂಗಳೇ ಅವನನ್ನು ಬಿಟ್ಟರು. ಅವನ ಪಕ್ಕದ ಬೆಂಚಿನಲ್ಲಿ ಕುಳಿತವರು, ಅವನು ಸೋತು ಬಂದ ದಿನಗಳಲ್ಲಿ ಅವನನ್ನು ನೋಡಿ ನಕ್ಕರು.

ಸ್ಟುಡಿಯೋದ ತೀರ್ಮಾನ ನಮ್ಮ ಕೈಯಲ್ಲಿಲ್ಲ. ಬೆಂಚಿನ ವಿಷಯ ನಮ್ಮ ಕೈಯಲ್ಲಿದೆ. ಎಸ್ಸೆಸ್ಸೆಲ್ಸಿಯಲ್ಲಿ ಶಾಲೆಗೇ ಮೊದಲಿಗನಾಗಿ, ಊರಿನ ವೃತ್ತದಲ್ಲಿ ಫೋಟೋ ಸಹಿತ ಬ್ಯಾನರ್ ಹಾಕಿಸಿಕೊಂಡವನು ಪಿಯುಸಿ ವಿಜ್ಞಾನ ತರಗತಿಗೆ ಬಂದು ಮೊದಲ ಕಿರುಪರೀಕ್ಷೆಯಲ್ಲೇ ಮುಗ್ಗರಿಸುವುದನ್ನು ನಾವು ಪ್ರತಿ ವರ್ಷ ಕಾಣುತ್ತೇವೆ. ಪ್ರತಿಭಾ ಕಾರಂಜಿಯಲ್ಲಿ ಹಾಡಿ ಬಹುಮಾನ ಪಡೆಯುತ್ತಿದ್ದವನು ದನಿ ಒಡೆದ ಮೇಲೆ ಹಾಡುವುದನ್ನೇ ಬಿಟ್ಟಿರುತ್ತಾನೆ. ಹಳೆಯ ಬ್ಯಾನರನ್ನು ನೆನಪಿಸಿ ಒಂದು ಮಾತು ಎಸೆಯುವುದು ಸುಲಭ, ಹತ್ತು ಜನ ನಗುತ್ತಾರೆ. ಆ ಹುಡುಗ ಮರುದಿನ ಯಾರ ಜೊತೆ ಕೂರಬೇಕು ಎಂದು ಹುಡುಕುತ್ತಾನೆ. ಯಾರು ಜಾಗ ಕೊಡುತ್ತಾರೋ ಅವರ ದಾರಿಯೇ ಅವನ ದಾರಿಯಾಗುವ ಸಾಧ್ಯತೆ ಹೆಚ್ಚು.

ಉಪನ್ಯಾಸಕರೂ ಪೋಷಕರೂ ಒಂದು ಮಾತು ಯೋಚಿಸಬೇಕು. ಒಬ್ಬ ವಿದ್ಯಾರ್ಥಿಯಲ್ಲಿ ಒಂದೇ ಒಂದು ಪ್ರತಿಭೆಯನ್ನು ಕಂಡು ಅದನ್ನಷ್ಟೇ ಹೊಗಳುತ್ತಾ ಹೋದರೆ, ಅದು ಕೈಕೊಟ್ಟ ದಿನ ತಾನು ಏನೂ ಅಲ್ಲ ಎಂದು ಅವನಿಗೆ ಅನ್ನಿಸುತ್ತದೆ. ಕ್ಯಾಥರಿನ್ ಬೋಮಾಂಟ್ ಅವರಿಗೆ ಎರಡನೆಯ ಬಾಗಿಲು ಸಮಯಕ್ಕೆ ತೆರೆದಿತ್ತು. ಬಾಬಿಗೂ ಅದು ತೆರೆಯಿತು, ಅವನ ಕೊಲಾಜ್‌ಗಳೇ ಅದಕ್ಕೆ ಸಾಕ್ಷಿ. ಅಷ್ಟು ಹೊತ್ತಿಗೆ ಚಟ ಅವನನ್ನು ಬಿಗಿಯಾಗಿ ಹಿಡಿದಿತ್ತು.

ಮುಂದೆ ಎಂದಾದರೂ ಮನೆಯ ಚಿಕ್ಕ ಮಕ್ಕಳೊಂದಿಗೆ 'ಪೀಟರ್ ಪ್ಯಾನ್' ನೋಡುವ ಸಂದರ್ಭ ಬಂದರೆ, ಆ ದನಿ ಯಾರದು ಎಂದು ಅವರಿಗೆ ಹೇಳಿ. ಹನ್ನೆರಡು ವರ್ಷದ ಹುಡುಗನೊಬ್ಬ ಮೈಕಿನ ಮುಂದೆ ನಿಂತು ಮನಸಾರೆ ಮಾಡಿದ ಕೆಲಸ ಅದು. ಅವನ ಸಮಾಧಿಯ ಮೇಲೆ ಹೆಸರಿಲ್ಲ. ಹೆಸರನ್ನು ನಾವಾದರೂ ಹೇಳೋಣ: ಬಾಬಿ ಡ್ರಿಸ್ಕಾಲ್.